ಏಳನೆಯ ತಂದೆಯ ಅಳತೆ: ಈವೊ ಕಪ್ರಿನೊ ಅವರ ಬೊಂಬೆಚಿತ್ರಗಳ ಬಗ್ಗೆ ಒಂದು ಟಿಪ್ಪಣಿ

ನಾರ್ವೆಯ ಜನಪದ ಕತೆಗಳನ್ನು ಮಕ್ಕಳ ತೆರೆಗೆ ತಂದವರಲ್ಲಿ ಈವೊ ಕಪ್ರಿನೊ (1920–2001) ಪ್ರಮುಖರು. ಕತೆಗಳನ್ನು ತಿಳಿಗೊಳಿಸಿದ್ದರಿಂದಲೇ ಅವು ಮಕ್ಕಳಿಗೆ ದಕ್ಕಿದವು ಎಂದುಬಿಡುವುದು ಸುಲಭ. ನನಗೆ ಕಾಣುವುದು ಬೇರೆ. ಕತೆಯ ಕಟ್ಟನ್ನು ಹೆಚ್ಚು ಕದಲಿಸದೆ, ಅದನ್ನು ಹೇಳುವ ಬಾಯಿ ಮತ್ತು ಬೊಂಬೆಯ ಅಳತೆ ಇವೆರಡರ ಮೇಲೆ ಅವರು ದುಡಿದರು.

‘ಮನೆಯ ಏಳನೆಯ ತಂದೆ’ (ಚಿತ್ರ: 1966) ಇದಕ್ಕೆ ಒಳ್ಳೆಯ ಸಾಕ್ಷಿ. ಕತೆ ಇಷ್ಟೇ. ದಾರಿಹೋಕನೊಬ್ಬ ದೊಡ್ಡ ಮನೆಯೊಂದರ ಅಂಗಳದಲ್ಲಿ ಕಟ್ಟಿಗೆ ಒಡೆಯುತ್ತಿದ್ದ ಮುದುಕನನ್ನು ‘ರಾತ್ರಿ ತಂಗಲು ಜಾಗವಿದೆಯೇ’ ಎಂದು ಕೇಳುತ್ತಾನೆ. ‘ಯಜಮಾನ ನಾನಲ್ಲ, ಒಳಗೆ ನಮ್ಮ ಅಪ್ಪನಿದ್ದಾನೆ, ಕೇಳು’ ಎನ್ನುತ್ತಾನೆ ಅವನು. ಒಳಗಿದ್ದವನು ಇನ್ನೂ ಮುದುಕ, ಒಲೆ ಊದುತ್ತಿದ್ದಾನೆ; ಅವನಿಗೂ ಒಬ್ಬ ಅಪ್ಪ. ಹೀಗೆ ಮೇಜು, ಬೆಂಚು, ಹಾಸಿಗೆ, ತೊಟ್ಟಿಲು ದಾಟಿ, ಕೊನೆಗೆ ಗೋಡೆಗೆ ತೂಗುಹಾಕಿದ ಕೊಂಬಿನೊಳಗೆ ಏಳನೆಯವನು. ಮನುಷ್ಯನ ಮುಖದ ಛಾಯೆಯಿರುವ ಒಂದು ಬಿಳಿ ಚೂರು, ಅಷ್ಟೇ. ಗುಬ್ಬಿಯಂಥ ದನಿಯಲ್ಲಿ ‘ಆಗಲಿ ಮಗು’ ಎಂದದ್ದೇ ತಡ, ಊಟದ ಮೇಜು ಸಿದ್ಧ.

ಕೇಳ್ಮೆಯಲ್ಲಿ ಇದು ಒಂದೇ ಪ್ರಶ್ನೆಯ ಏಳು ಆವೃತ್ತಿ. ನಟರನ್ನು ಇಟ್ಟು ತೆಗೆದರೆ ಮೂರನೆಯ ತಂದೆಯ ಹೊತ್ತಿಗೆ ಗಡ್ಡ ಮುಗಿದಿರುತ್ತದೆ, ಆಮೇಲೆ ಮಾಡುವುದಕ್ಕೇನೂ ಉಳಿಯದು. ಬೊಂಬೆಗೆ ಈ ತೊಡಕಿಲ್ಲ. ವಯಸ್ಸು ಏರಿದಷ್ಟೂ ಮೈ ಇಳಿಯುತ್ತ ಹೋಗಬಹುದು. ಎಣಿಸಲು ಬಾರದ ಮಗುವಿಗೂ ಕತೆ ಎಲ್ಲಿಗೆ ಬಂತೆಂದು ಗಾತ್ರದಿಂದಲೇ ತಿಳಿಯುತ್ತದೆ.

ಇನ್ನು ಹೇಳುವ ಬಾಯಿ. ಈ ಜನಪದ ಕತೆಗಳನ್ನು ಕಲೆಹಾಕಿದ ಪೇಟರ್ ಕ್ರಿಸ್ಟನ್ ಆಸ್ಬ್ಯೋರ್ನ್‌ಸನ್ ಮತ್ತು ಯೋರ್ಗನ್ ಮೂ ಅವರ ಸಂಗ್ರಹ 1841ರಿಂದ ಕಂತುಕಂತಾಗಿ ಅಚ್ಚಾಯಿತು. ಆಸ್ಬ್ಯೋರ್ನ್‌ಸನ್ ಊರೂರು ಅಲೆಯುತ್ತ ಕತೆ ಕೇಳುವುದನ್ನು ನಟರಿಂದಲೂ, ಕೇಳಿದ ಕತೆಗಳನ್ನು ಬೊಂಬೆಗಳಿಂದಲೂ ತೋರಿಸುವ ಒಂದು ಪೂರ್ಣಾವಧಿ ಚಿತ್ರ ಕಪ್ರಿನೊ ಅವರ ಆಸೆಯಾಗಿತ್ತು. ಹಣ ಹುಟ್ಟಲಿಲ್ಲ. ಕತೆಗಳು ಬಿಡಿ ಕಿರುಚಿತ್ರಗಳಾದವು, ಅಲೆದಾಟದ ದೃಶ್ಯಗಳು ಅವುಗಳ ತಲೆಗೂ ಬುಡಕ್ಕೂ ಕೂತವು. ಹಣದ ಕೊರತೆ ಇಲ್ಲಿ ಉಪಕಾರವನ್ನೇ ಮಾಡಿತೆಂದು ನನ್ನ ಊಹೆ. ಒಂದು ಸಲ ಕೂತರೆ ಒಂದು ಕತೆ ಎಂಬುದು ಅಜ್ಜಿ ಹೇಳುವ ಕತೆಯ ಅಳತೆ. ದೂರದರ್ಶನಕ್ಕೂ ಅದೇ ಒಗ್ಗುವುದು.

ಬೊಂಬೆಗಳ ಮೂಲ ಮನೆಯಲ್ಲೇ ಇತ್ತು. ತಾಯಿ ಇಂಗೆಬೋರ್ಗ್ ಗುಡೆ ಬೊಂಬೆಯಾಟಕ್ಕೆ ಬೊಂಬೆ ಮಾಡುತ್ತಿದ್ದರು. ಅವರಿಗೆ ಕೈಜೋಡಿಸಿದ ಮಗ 1949ರಲ್ಲಿ ಮೊದಲ ಕಿರುಚಿತ್ರ ತೆಗೆದರು. ಕ್ಯಾಮೆರಾ ಓಡುತ್ತಿರುವಾಗಲೇ ಬೊಂಬೆ ಆಡಿಸುವ ಯಂತ್ರವೊಂದನ್ನು ಆಗ ಅವರು ರೂಪಿಸಿದ್ದರು. 1952ರಲ್ಲಿ ಪಿಟೀಲು ನುಡಿಸುವ ಪುಟ್ಟ ಫ್ರಿಕ್‌ನ ಕತೆಗೆ ವೆನಿಸ್ ಚಿತ್ರೋತ್ಸವದಲ್ಲಿ ಮಕ್ಕಳ ಚಿತ್ರದ ಬಹುಮಾನ ಬಂತು. ಮುಂದೆ ಅವರು ಬೊಂಬೆಯನ್ನು ಚೂರುಚೂರೇ ಕದಲಿಸಿ ಒಂದೊಂದೇ ಚೌಕಟ್ಟು ಹಿಡಿಯುವ ಸ್ಟಾಪ್ ಮೋಷನ್‌ಗೆ ಹೊರಳಿದರು. ಆದರೂ ಹಳೆಯ ಗುಟ್ಟಿನ ಯಂತ್ರವೇ ಇನ್ನೂ ನಡೆಯುತ್ತಿದೆ ಎಂಬ ಭ್ರಮೆಯನ್ನು ಜನರಲ್ಲಿ ಉಳಿಸಿಕೊಂಡರು. (ಗಾರುಡಿಗನ ಚಾಳಿ! ಸಂಶೋಧಕರಿಗೆ ಮಾತ್ರ ತಲೆನೋವು. ಚಿತ್ರಗಳ ತಂತ್ರದ ಬಗ್ಗೆ ಅಂದಿನ ಮಾತುಗಳನ್ನು ಹಾಗೆಹಾಗೇ ನಂಬುವಂತಿಲ್ಲ.)

ಅವರಿಗೆ ಅತಿ ದೊಡ್ಡ ಹೆಸರು ತಂದ ‘ಫ್ಲೋಕ್ಲೀಪಾ ಗ್ರಾಂ ಪ್ರೀ’ (1975) ಜನಪದ ಕತೆಯಲ್ಲ. ಶೆಲ್ ಔಕ್ರುಸ್ಟ್ ಸೃಷ್ಟಿಸಿದ ಪಾತ್ರಗಳ ಮೋಟಾರು ಪಂದ್ಯದ ಚಿತ್ರ. ಸುಮಾರು 40 ಲಕ್ಷ ಜನರ ನಾಡಿನಲ್ಲಿ ಅದಕ್ಕೆ 50 ಲಕ್ಷಕ್ಕೂ ಮಿಕ್ಕಿ ಟಿಕೆಟ್ ಮಾರಾಟವಾದವು. ಕಪ್ರಿನೊ ಅವರನ್ನು ಹೊಸದಾಗಿ ನೋಡುವವರು ಸಾಮಾನ್ಯವಾಗಿ ಅದರಿಂದಲೇ ಶುರುಮಾಡುತ್ತಾರೆ. ಓದುಗರು ಮೊದಲು ಆ ಕೊಂಬಿನೊಳಗಿನ ಮುದುಕನನ್ನು ನೋಡಲಿ, ಮೋಟಾರು ಪಂದ್ಯ ಆಮೇಲಿರಲಿ.