ಕೂಸಿನ ಉಸಿರು ಎಣಿಸಲು ಕಲಿತ ಕಥೆ

ನರಗುಂದದ ಚರಿತ್ರೆ ಅಂದರೆ 1858ರ ಬಾಬಾಸಾಹೇಬರ ಬಂಡಾಯ, 1980ರ ರೈತ ಬಂಡಾಯ. ಗಜೇಂದ್ರಗಡ ಅಂದರೆ ಘೋರ್ಪಡೆಯವರ ಕೋಟೆ. ರೋಣ ಅಂದರೆ ಹಳೆಯ ಗುಡಿಗಳು ಮತ್ತು ಭೀಮಸೇನ ಜೋಶಿಯವರು ಹುಟ್ಟಿದ ಊರು. ಶಾಲೆಯಲ್ಲಿ ನಾವು ಓದಿದ್ದು ಇಷ್ಟು.

ಆದರೆ ಈ ಮೂರು ತಾಲೂಕಿನ ಯಾವುದೇ ಓಣಿಯಲ್ಲಿ ಎಂಬತ್ತು ದಾಟಿದ ಅಜ್ಜಿಯ ಹತ್ತಿರ ಕೂತು, "ಆಯಿ, ನಿಮಗ ಮಕ್ಕಳೆಷ್ಟು?" ಎಂದು ಕೇಳಿ ನೋಡಿ. "ಹಡದದ್ದು ಎಂಟು, ಉಳದದ್ದು ಐದು" ಎಂಬಂಥ ಉತ್ತರ ಬರುತ್ತದೆ. ಉಳಿಯದ ಮಕ್ಕಳ ಬಗ್ಗೆ ಕೇಳಿದರೆ ಒಂದೊಂದಕ್ಕೆ ಒಂದೊಂದೇ ಸಾಲು. ಒಂದಕ್ಕೆ ಪಕ್ಕೆ ಸೆಳೆತ ಬಂತು. ಒಂದಕ್ಕೆ ನಾಯಿಕೆಮ್ಮು. ಇನ್ನೊಂದು ಹುಟ್ಟಿದಾಗ ಅಳಲೇ ಇಲ್ಲ.

ಮೂರೂ ಉಸಿರಿನ ಕಥೆಗಳೇ. ಯಾವ ಶಾಸನದಲ್ಲೂ, ಯಾವ ಗೆಜೆಟಿಯರಿನಲ್ಲೂ ಈ ಮಕ್ಕಳ ಹೆಸರಿಲ್ಲ. ಎಷ್ಟೋ ಮಕ್ಕಳಿಗೆ ಹೆಸರಿಡುವ ದಿನವೇ ಬರಲಿಲ್ಲ. ಆ ಮಕ್ಕಳಿಗೆ ಏನಾಗಿತ್ತು, ಜಗತ್ತು ಅದನ್ನು ಯಾವಾಗ ತಿಳಿದುಕೊಂಡಿತು, ಆ ತಿಳಿವಳಿಕೆ ನಮ್ಮ ಕಡೆ ಹೇಗೆ ಬಂತು ಎಂಬುದನ್ನು ನಾವಿಲ್ಲಿ ಜೋಡಿಸಿ ನೋಡಿದ್ದೇವೆ.

ಮೊದಲು ನಮ್ಮ ಹಿರಿಯರ ಕಣ್ಣಿನ ಬಗ್ಗೆ. ಅವರು ನೋಡಿದ್ದು ತಪ್ಪಾಗಿರಲಿಲ್ಲ. ದಮ್ಮು, ಗೂರಲು, ನಾಯಿಕೆಮ್ಮು, ಗಂಟಲಮಾರಿ, ಪಕ್ಕೆ ಸೆಳೆತ: ಇವು ಬೇರೆ ಬೇರೆ ರೋಗಗಳಿಗೆ ಬೇರೆ ಬೇರೆ ಹೆಸರುಗಳು. ಗೂರಲು ಅಂದರೆ ಇವತ್ತಿನ ಅಸ್ತಮಾ. ಗಂಟಲಮಾರಿ ಡಿಫ್ತೀರಿಯಾ. ಉಸಿರು ಎಳೆದಾಗ ಕೂಸಿನ ಪಕ್ಕೆಲುಬಿನ ಕೆಳಭಾಗ ಒಳಗೆ ಹೋಗುವುದೇ ಪಕ್ಕೆ ಸೆಳೆತ. ವಿಶ್ವ ಆರೋಗ್ಯ ಸಂಸ್ಥೆ ಮಕ್ಕಳ ನ್ಯುಮೋನಿಯಾಕ್ಕೆ ಹೇಳಿದ ಮುಖ್ಯ ಗುರುತುಗಳಲ್ಲಿ ಇದೂ ಒಂದು. ನಮ್ಮ ಅಜ್ಜಿಯರಿಗೆ ಅದು ಮೊದಲೇ ಗೊತ್ತಿತ್ತು, ಅದಕ್ಕೊಂದು ಹೆಸರೂ ಇತ್ತು.

ರೋಗ ಗುರುತಿಸಿದರೂ ಮದ್ದು ಇರಲಿಲ್ಲ. ಮದ್ದಿಲ್ಲದ ಕಡೆ ಬಂದದ್ದು ಬರೆ. ಉತ್ತರ ಕರ್ನಾಟಕದ ಹಲವು ಹಳ್ಳಿಗಳಲ್ಲಿ ಕೂಸಿನ ಹೊಟ್ಟೆಯ ಮೇಲೆ, ಎದೆಯ ಮೇಲೆ ಕಾಸಿದ ಕಬ್ಬಿಣವನ್ನೋ ಬಳೆ ಚೂರನ್ನೋ ಮುಟ್ಟಿಸುತ್ತಿದ್ದರು. ನಮ್ಮ ಮನೆಗಳ ದೊಡ್ಡವರಲ್ಲಿ ಕೆಲವರ ಹೊಟ್ಟೆಯ ಮೇಲೆ ಆ ಕಲೆ ಇನ್ನೂ ಇದೆ. ಬದುಕಿ ಉಳಿದವರು "ಬರೆ ಹಾಕಿಸಿದ್ದಕ್ಕ ಉಳದೆ" ಅನ್ನುತ್ತಾರೆ. ಬರೆ ಹಾಕಿಸಿಯೂ ಉಳಿಯದವರು ಹೇಳಲು ಇಲ್ಲ. ಆ ಪದ್ಧತಿ ಇಷ್ಟು ಕಾಲ ಬಾಳಿದ್ದರ ಗುಟ್ಟು ಇದೇ ಇರಬೇಕು. ನೆಗಡಿ ಕೆಮ್ಮಿನ ಹೆಚ್ಚಿನ ಮಕ್ಕಳು ತಾವಾಗಿಯೇ ಗುಣವಾಗುತ್ತಾರೆ, ಅದರ ಕೀರ್ತಿ ಬರೆಗೆ ಹೋಗುತ್ತದೆ. ಇದು ಹಳೆಯ ಕಾಲದ ಮಾತು ಅಂತಲೂ ತಿಳಿಯಬೇಡಿ. 2023ರಲ್ಲಿ ಮಧ್ಯಪ್ರದೇಶದ ಶಹಡೋಲ್ ಜಿಲ್ಲೆಯಲ್ಲಿ ನ್ಯುಮೋನಿಯಾ ಆಗಿದ್ದ ಹಸುಗೂಸಿಗೆ ಬರೆ ಹಾಕಿ, ಕೂಸು ತೀರಿಹೋದದ್ದು ದೇಶದ ತುಂಬ ಸುದ್ದಿಯಾಯಿತು.

ಬಾಣಂತನದ ಇನ್ನೊಂದು ರೂಢಿಯನ್ನೂ ಇಲ್ಲೇ ಹೇಳಬೇಕು. ಕೂಸಿಗೆ ಎರೆಯುವಾಗ ಮೂಗಿಗೆ ಎಣ್ಣೆ ಬಿಡುವುದು, ಆಮೇಲೆ ಮೈಗೆ ಲೋಬಾನದ ಹೊಗೆ ಹಾಕುವುದು. ಪ್ರೀತಿಯಿಂದಲೇ ಮಾಡುವ ಕೆಲಸ. ಆದರೆ ಆ ಎಣ್ಣೆ ಶ್ವಾಸಕೋಶಕ್ಕೆ ಇಳಿದರೆ ಅದೇ ಒಂದು ಬಗೆಯ ನ್ಯುಮೋನಿಯಾ ತರುತ್ತದೆ.

ನಮ್ಮ ಮೂರೂ ಊರು ಆಗ ಮುಂಬೈ ಪ್ರಾಂತದ ಧಾರವಾಡ ಸೀಮೆಯಲ್ಲಿದ್ದವು. 1918ರ ಇನ್‌ಫ್ಲುಯೆಂಜಾ ಮುಂಬೈ ಬಂದರಿಗೆ ಬಂದು, ಸೈನಿಕರ ಜೊತೆ, ರೈಲಿನ ಜೊತೆ ಒಳನಾಡಿಗೆ ಹೊರಟಿತು. ಹೊಳೆ ಆಲೂರಿನ ಮೇಲೆ ಹಾಯುವ ಗದಗ–ಹೊಟಗಿ ರೈಲು ದಾರಿ ಅಷ್ಟೊತ್ತಿಗೆ ಮೂವತ್ತು ವರ್ಷ ಹಳೆಯದಾಗಿತ್ತು. ಮುಂಬೈ ಪ್ರಾಂತವೊಂದರಲ್ಲೇ ಹತ್ತು ಲಕ್ಷಕ್ಕೂ ಹೆಚ್ಚು ಜನ ಸತ್ತರು. ಜ್ವರ ಬಂದವರನ್ನು ಕೊನೆಗೆ ಕೊಂದದ್ದು ಬಹುಪಾಲು ನ್ಯುಮೋನಿಯಾ. ಪೆನಿಸಿಲಿನ್ ಇನ್ನೂ ಹುಟ್ಟಿರಲಿಲ್ಲ.

ಪೆನಿಸಿಲಿನ್ ಬಂದ ಮೇಲೂ ಹಳ್ಳಿಯ ಕೂಸಿಗೆ ಅದು ಸಿಗಲಿಲ್ಲ, ಯಾಕೆಂದರೆ ನ್ಯುಮೋನಿಯಾ ಎಂದು ಹೇಳಲು ಡಾಕ್ಟರು ಬೇಕು, ಸ್ಟೆತಸ್ಕೋಪು ಬೇಕು, ಎಕ್ಸ್‌ರೇ ಬೇಕು. ಇವು ಮೂರೂ ಇಲ್ಲದ ಕಡೆ ಏನು ಮಾಡಬೇಕು? ಈ ಪ್ರಶ್ನೆಗೆ ಉತ್ತರ ಸಿಕ್ಕದ್ದು ಪಾಪುವಾ ನ್ಯೂಗಿನಿಯ ಗುಡ್ಡಗಾಡಿನಲ್ಲಿ. ಅಲ್ಲಿನ ಗೊರೋಕಾ ಆಸ್ಪತ್ರೆಯಲ್ಲಿ ಕೆಲಸ ಮಾಡುತ್ತಿದ್ದ ಫ್ರಾಂಕ್ ಶಾನ್ ಎಂಬ ಮಕ್ಕಳ ವೈದ್ಯರು 1980ರ ದಶಕದ ಆರಂಭದಲ್ಲಿ ಒಂದು ಸಣ್ಣ ವಿಷಯ ತೋರಿಸಿಕೊಟ್ಟರು. ಕೆಮ್ಮುವ ಕೂಸು ಒಂದು ನಿಮಿಷಕ್ಕೆ ಎಷ್ಟು ಸಲ ಉಸಿರಾಡುತ್ತದೆ ಎಂದು ಎಣಿಸಿ, ಪಕ್ಕೆ ಸೆಳೆಯುತ್ತದೆಯೋ ನೋಡಿ. ನ್ಯುಮೋನಿಯಾ ಹಿಡಿಯಲು ಬಹುತೇಕ ಇಷ್ಟೇ ಸಾಕು.

ವಿಶ್ವ ಆರೋಗ್ಯ ಸಂಸ್ಥೆ ಅದನ್ನೇ ಒಪ್ಪಿ ಲೆಕ್ಕ ಕೊಟ್ಟಿತು. ಎರಡು ತಿಂಗಳೊಳಗಿನ ಕೂಸಿಗೆ ನಿಮಿಷಕ್ಕೆ 60 ಅಥವಾ ಹೆಚ್ಚು, ಎರಡು ತಿಂಗಳಿಂದ ವರ್ಷದೊಳಗೆ 50 ಅಥವಾ ಹೆಚ್ಚು, ಒಂದರಿಂದ ಐದು ವರ್ಷಕ್ಕೆ 40 ಅಥವಾ ಹೆಚ್ಚು ಇದ್ದರೆ ಅದು ಜೋರು ಉಸಿರು. ಕೂಡಲೇ ದವಾಖಾನೆ. ದೊಡ್ಡವರ ಉಸಿರು 12ರಿಂದ 20, ಹಾಗಾಗಿ ಕೂಸಿನ ಉಸಿರು ನಮಗೆ ಯಾವಾಗಲೂ ಜೋರಾಗಿಯೇ ಕಾಣುತ್ತದೆ. ಅಂದಾಜಿಗೆ ಬಿಡದೆ ಗಡಿಯಾರ ಹಿಡಿದು ಪೂರ್ತಿ ಒಂದು ನಿಮಿಷ ಎಣಿಸಬೇಕು. ಅಳುವಾಗ ಎಣಿಸಬಾರದು, ಮಲಗಿದ್ದಾಗ ಅಂಗಿ ಎತ್ತಿ ಹೊಟ್ಟೆ ನೋಡಿ ಎಣಿಸಬೇಕು. ಈ ಬರಹದಲ್ಲಿ ಇದೊಂದು ಪ್ಯಾರಾ ನಿಮ್ಮ ಮನೆಯವರಿಗೆ ಓದಿ ಹೇಳಿದರೂ ನಮಗೆ ಸಾಕು.

ಎಣಿಕೆಯನ್ನು ಹಳ್ಳಿಯ ಹೆಣ್ಣುಮಕ್ಕಳ ಕೈಗೆ ಕೊಟ್ಟವರು ಮಹಾರಾಷ್ಟ್ರದ ಗಡಚಿರೋಲಿಯ ಅಭಯ್ ಬಂಗ್ ಮತ್ತು ರಾಣಿ ಬಂಗ್ ದಂಪತಿ. 50ರವರೆಗೆ ಎಣಿಸಲು ಬಾರದ ಸೂಲಗಿತ್ತಿಯರಿಗಾಗಿ ಅವರು ಮಣಿಗಳ ಒಂದು ಸಲಕರಣೆ ಮಾಡಿದರು. ಹತ್ತು ಉಸಿರಿಗೆ ಒಂದು ಮಣಿ ಸರಿಸುವುದು, ಜೊತೆಗೆ ಒಂದು ನಿಮಿಷದ ಮರಳು ಗಡಿಯಾರ. ಅವರ ಪ್ರಯೋಗದ ವರದಿ 1990ರಲ್ಲಿ ಪ್ರಕಟವಾಯಿತು. ಆ ಹಳ್ಳಿಗಳಲ್ಲಿ ನ್ಯುಮೋನಿಯಾದಿಂದ ಸಾಯುವ ಮಕ್ಕಳ ಪ್ರಮಾಣ ಬೇರೆ ಹಳ್ಳಿಗಳಿಗಿಂತ ಅರ್ಧಕ್ಕೂ ಕಡಿಮೆ ಇತ್ತು. ಇವತ್ತು ನಮ್ಮ ಆಶಾ ಕಾರ್ಯಕರ್ತೆಯರು ಕೂಸು ನೋಡಲು ಮನೆಗೆ ಬರುವ ಪದ್ಧತಿಯ ಬೇರು ಅಲ್ಲಿದೆ.

ಇನ್ನು ಅಳದೇ ಹೋದ ಕೂಸಿನ ಮಾತು. ನಮ್ಮನ್ನು ಹೆಚ್ಚು ಕಾಡಿದ್ದು ಇದೇ.

ತಾಯಿಯ ಹೊಟ್ಟೆಯಲ್ಲಿ ಕೂಸಿನ ಶ್ವಾಸಕೋಶದ ತುಂಬ ನೀರು. ಹುಟ್ಟಿದ ಕ್ಷಣದಲ್ಲಿ ಮೊದಲ ಉಸಿರು ಆ ನೀರನ್ನು ಬದಿಗೊತ್ತಿ ಗಾಳಿ ತುಂಬಬೇಕು. ಹೆಚ್ಚಿನ ಮಕ್ಕಳು ಅತ್ತು ಈ ಕೆಲಸ ಮುಗಿಸುತ್ತವೆ. ಕೆಲವಕ್ಕೆ ಮೈ ಒರೆಸಿ ಬೆನ್ನು ಸವರಿದರೆ ಸಾಕು. ಇನ್ನು ಕೆಲವಕ್ಕೆ ಚೀಲ ಮತ್ತು ಮುಖವಾಡದಿಂದ ಗಾಳಿ ಒತ್ತಬೇಕು, ಅದೂ ಮೊದಲ ಒಂದು ನಿಮಿಷದೊಳಗೆ. ಹಿಂದೆ ಮಾಡುತ್ತಿದ್ದದ್ದೇನು? ತಣ್ಣೀರು ಚಿಮುಕಿಸುವುದು, ಕಾಲು ಹಿಡಿದು ತಲೆಕೆಳಗು ಮಾಡಿ ಬಡಿಯುವುದು, ಕಿವಿಯ ಹತ್ತಿರ ತಾಟು ಬಾರಿಸುವುದು. ಎದ್ದರೆ ಎದ್ದಿತು. ಇಲ್ಲದಿದ್ದರೆ "ಸತ್ತ ಹುಟ್ಟೇತಿ" ಎಂದು ಬಟ್ಟೆಯಲ್ಲಿ ಸುತ್ತಿ ಗಂಡಸರ ಕೈಗೆ ಕೊಡುವುದು.

ಅದು ನಿಜವಾಗಿಯೂ ಸತ್ತೇ ಹುಟ್ಟಿತ್ತೇ? ಈ ಪ್ರಶ್ನೆ ಕೇಳಿದ್ದು ನಮ್ಮ ಪಕ್ಕದ ಬೆಳಗಾವಿ ಜಿಲ್ಲೆಯಲ್ಲಿ. ಅಲ್ಲಿನ ಜವಾಹರಲಾಲ್ ನೆಹರೂ ಮೆಡಿಕಲ್ ಕಾಲೇಜಿನವರು ಹಳ್ಳಿಯ ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ, ಜಿಲ್ಲಾ ಮತ್ತು ಪಟ್ಟಣದ ಆಸ್ಪತ್ರೆಗಳಲ್ಲಿ ಹೆರಿಗೆ ಮಾಡಿಸುವ 599 ಮಂದಿಗೆ ಗೊಂಬೆ ಇಟ್ಟುಕೊಂಡು ಕಲಿಸಿದರು: ಒರೆಸು, ಬೆಚ್ಚಗಿಡು, ಉಸಿರಾಡುತ್ತಿಲ್ಲವಾದರೆ ಒಂದು ನಿಮಿಷದೊಳಗೆ ಚೀಲದಿಂದ ಗಾಳಿ ಕೊಡು. 2013ರಲ್ಲಿ ಫಲಿತಾಂಶ ಪ್ರಕಟವಾಯಿತು. ಸತ್ತು ಹುಟ್ಟಿದವು ಎಂದು ಬರೆದುಕೊಳ್ಳುವ ಮಕ್ಕಳು ನೂರಕ್ಕೆ 3 ಇದ್ದದ್ದು 2.3ಕ್ಕೆ ಇಳಿಯಿತು. ಹೆರಿಗೆಯ ಹೊತ್ತಿನಲ್ಲೇ ಹೋದಂತೆ ಕಾಣುವ, ಮೈ ಇನ್ನೂ ಕೆಡದ ಮಕ್ಕಳ ಲೆಕ್ಕ 1.7ರಿಂದ 0.9ಕ್ಕೆ ಬಂತು.

ಇದರ ಅರ್ಥ ಸ್ವಲ್ಪ ನಿಂತು ಯೋಚಿಸಿ. ಬರೀ ತರಬೇತಿಯಿಂದ ಸತ್ತವರು ಬದುಕುವುದಿಲ್ಲ. ಹಿಂದೆ ಸತ್ತು ಹುಟ್ಟಿದವು ಎಂದು ಬರೆದ ಮಕ್ಕಳಲ್ಲಿ ಕೆಲವು ಬದುಕಿಯೇ ಇದ್ದವು, ಮೊದಲ ಉಸಿರಿಗಾಗಿ ಕಾಯುತ್ತಿದ್ದವು. ಅಜ್ಜಿಯ ಆ ಕೂಸೂ ಅವುಗಳಲ್ಲಿ ಒಂದಿರಬಹುದೇ? ಹೇಳಲು ಬರುವುದಿಲ್ಲ. ಸೂಲಗಿತ್ತಿಯರನ್ನು ದೂರಲು ಇದನ್ನು ಬರೆಯುತ್ತಿಲ್ಲ. ಪಾವಗಡದ ಸೂಲಗಿತ್ತಿ ನರಸಮ್ಮನವರು 15 ಸಾವಿರಕ್ಕೂ ಹೆಚ್ಚು ಹೆರಿಗೆ ಮಾಡಿಸಿ 2018ರಲ್ಲಿ ಪದ್ಮಶ್ರೀ ಪಡೆದರು. ಅವರಂಥವರ ಕೈಗುಣ ಊರೂರಿನಲ್ಲಿ ಇತ್ತು. ಅವರ ಕೈಗೆ ಆ ಚೀಲವನ್ನು ಯಾರೂ ಕೊಟ್ಟಿರಲಿಲ್ಲ, ಅಷ್ಟೇ.

ದಿನ ತುಂಬದೆ ಹುಟ್ಟಿದ ಮಕ್ಕಳದು ಬೇರೆಯೇ ಕಷ್ಟ. ಅಮೆರಿಕದ ಅಧ್ಯಕ್ಷ ಕೆನಡಿಯವರ ಮಗ ಪ್ಯಾಟ್ರಿಕ್ 1963ರ ಆಗಸ್ಟ್‌ನಲ್ಲಿ ಐದೂವರೆ ವಾರ ಮೊದಲೇ ಹುಟ್ಟಿ 39 ಗಂಟೆ ಬದುಕಿದ. ಶ್ವಾಸಕೋಶದ ಸಣ್ಣ ಗಾಳಿಚೀಲಗಳು ಮುದುಡಿಕೊಳ್ಳದಂತೆ ಒಳಗೆ ಜಾರುವ ಒಂದು ಲೇಪ ಇರುತ್ತದೆ, ಬೇಗ ಹುಟ್ಟಿದ ಮಕ್ಕಳಲ್ಲಿ ಅದು ಸಾಲುವುದಿಲ್ಲ. ಇದನ್ನು ಮೇರಿ ಎಲೆನ್ ಏವರಿ ಎಂಬ ವೈದ್ಯೆ 1959ರಲ್ಲೇ ಕಂಡುಹಿಡಿದಿದ್ದರು. ಆದರೆ ಮದ್ದು ಬಂದಿರಲಿಲ್ಲ. ಶ್ವೇತಭವನಕ್ಕೂ ನಮ್ಮ ಸೂಡಿ, ನರೇಗಲ್ಲಿನ ಮನೆಗೂ ಆ ಒಂದು ವಿಷಯದಲ್ಲಿ ವ್ಯತ್ಯಾಸ ಇರಲಿಲ್ಲ. 1972ರಲ್ಲಿ ನ್ಯೂಜಿಲೆಂಡಿನ ಲಿಗಿನ್ಸ್ ಮತ್ತು ಹೌವಿ ಎಂಬ ವೈದ್ಯರು, ಹೆರಿಗೆಗೆ ಮೊದಲೇ ತಾಯಿಗೆ ಸ್ಟೆರಾಯ್ಡ್ ಚುಚ್ಚುಮದ್ದು ಕೊಟ್ಟರೆ ಕೂಸಿನ ಶ್ವಾಸಕೋಶ ಬೇಗ ಬಲಿಯುತ್ತದೆ ಎಂದು ತೋರಿಸಿದರು.

ಹಾಗಾದರೆ ಹಳ್ಳಿಹಳ್ಳಿಯಲ್ಲೂ ಆ ಚುಚ್ಚುಮದ್ದು ಕೊಡಬಹುದಲ್ಲ? ಆರು ದೇಶಗಳಲ್ಲಿ ಅದನ್ನು ಪರೀಕ್ಷಿಸಿದರು, ಬೆಳಗಾವಿಯೂ ಅದರಲ್ಲಿತ್ತು. 2015ರ ಫಲಿತಾಂಶ ಎಲ್ಲರನ್ನೂ ತಬ್ಬಿಬ್ಬು ಮಾಡಿತು. ಸಣ್ಣ ಮಕ್ಕಳಿಗೆ ಲಾಭ ಕಾಣಲಿಲ್ಲ, ಒಟ್ಟು ಲೆಕ್ಕದಲ್ಲಿ ಸಾವು ಹೆಚ್ಚೇ ಆಗಿತ್ತು. ಮತ್ತೆ 2,852 ತಾಯಂದಿರ ಮೇಲೆ, ಈ ಸಲ ಆಸ್ಪತ್ರೆಗಳಲ್ಲಿ ಮಾತ್ರ, ದಿನ ಸರಿಯಾಗಿ ಲೆಕ್ಕ ಹಾಕಿ ನೋಡಿದರು. ಬೆಳಗಾವಿಯವರು ಅಲ್ಲೂ ಇದ್ದರು. 2020ರಲ್ಲಿ ಉತ್ತರ ಬಂತು: ಮಕ್ಕಳು ಉಳಿಯುತ್ತಾರೆ. ಒಂದೇ ಮದ್ದು, ಕೊಡುವ ಜಾಗ ಬೇರೆ. ಬಸಿರಿಯಾದ ಕೂಡಲೇ ಸ್ಕ್ಯಾನ್ ಮಾಡಿಸಿ ದಿನ ಗೊತ್ತು ಮಾಡಿಕೊಳ್ಳಿ ಎಂದು ಡಾಕ್ಟರು ಯಾಕೆ ಹೇಳುತ್ತಾರೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಕಾರಣ ನಮಗೆ ಸಿಕ್ಕಿಲ್ಲ.

ನಾಯಿಕೆಮ್ಮು ಮತ್ತು ಗಂಟಲಮಾರಿಯ ಕಥೆ ಚಿಕ್ಕದು. 1978ರಲ್ಲಿ ದೇಶದ ಲಸಿಕೆ ಕಾರ್ಯಕ್ರಮ ಶುರುವಾಯಿತು, ಡಿಪಿಟಿ ಚುಚ್ಚುಮದ್ದು ಹಳ್ಳಿಗೆ ಬಂತು. ಈಗ ಅದರ ಜಾಗದಲ್ಲಿ ಆರು, ಹತ್ತು, ಹದಿನಾಲ್ಕು ವಾರಕ್ಕೆ ಐದು ರೋಗಗಳ ಪೆಂಟಾವೇಲೆಂಟ್. ನ್ಯುಮೋನಿಯಾ ತಡೆಯುವ ಪಿಸಿವಿ ಲಸಿಕೆ 2021ರಲ್ಲಿ ದೇಶದ ಎಲ್ಲ ಕಡೆ ಪುಕ್ಕಟೆಯಾಗಿ ಸಿಗತೊಡಗಿತು. ಚುಚ್ಚಿಸಿದ ರಾತ್ರಿ ಜ್ವರ ಬಂತೆಂದು ಮುಂದಿನದನ್ನು ತಪ್ಪಿಸುವವರು ಇದ್ದಾರೆ. ನಾಯಿಕೆಮ್ಮು ಕಣ್ಣಾರೆ ಕಂಡ ಅಜ್ಜಿಯರು ಮಾತ್ರ ತಪ್ಪಿಸುವುದಿಲ್ಲ.

ಕೊನೆಗೆ ಹೊಗೆ. ನಮ್ಮ ಎರಿ ಸೀಮೆಯ ಮಾಳಿಗೆ ಮನೆಗಳಿಗೆ ಕಿಟಕಿ ಕಡಿಮೆ, ಮಣ್ಣಿನ ಛಾವಣಿಯಲ್ಲಿ ಒಂದು ಬೆಳಕಿಂಡಿ. ಬೆಳಕು ಬರುವುದೂ ಹೊಗೆ ಹೋಗುವುದೂ ಅದರಲ್ಲೇ. ಮಳೆ ಬಂದರೆ ಅದನ್ನೂ ಮುಚ್ಚುತ್ತಿದ್ದರು. ಒಲೆಗೆ ಹತ್ತಿ ಕಟಗಿ, ಕುಳ್ಳು. ಬೆಚ್ಚಗಿರಲೆಂದು ತೊಟ್ಟಿಲು ಅಡುಗೆಮನೆಯ ಹತ್ತಿರವೇ. ಶ್ವಾಸಕೋಶದ ಗಾಳಿಚೀಲಗಳು ಹೆಚ್ಚಾಗಿ ಬೆಳೆಯುವುದು ಹುಟ್ಟಿದ ಮೇಲಿನ ಮೊದಲ ಎರಡು ವರ್ಷಗಳಲ್ಲಿ, ಅದೇ ಎರಡು ವರ್ಷ ಕೂಸು ತಾಯಿಯ ಜೊತೆ ಒಲೆಯ ಮುಂದೆ ಇರುತ್ತದೆ. ಕಿರ್ಕ್ ಸ್ಮಿತ್ ಎಂಬ ವಿಜ್ಞಾನಿ 1981ರಲ್ಲಿ ಗುಜರಾತಿನ ಹಳ್ಳಿಗಳಲ್ಲಿ ಅಡುಗೆ ಮಾಡುವ ಹೆಂಗಸರು ಉಸಿರಾಡುವ ಹೊಗೆಯನ್ನು ಅಳೆಯುವವರೆಗೆ ಇದನ್ನು ಹೆಚ್ಚಿನವರು ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಅದೇ ಹೊತ್ತಿಗೆ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯವರು ಮೂರು ಪಾತ್ರೆ ಇಡುವ, ಚಿಮಣಿಯ ಅಸ್ತ್ರ ಒಲೆ ಮಾಡಿದರು. ಕರ್ನಾಟಕದ ಹಳ್ಳಿಗಳಿಗೆ ಅದು ಬಂತು. ಎಷ್ಟೋ ಮನೆಗಳಲ್ಲಿ ಚಿಮಣಿ ಕಟ್ಟಿಕೊಂಡು ಮೂಲೆ ಸೇರಿತು. 2016ರಿಂದ ಉಜ್ವಲಾ ಸಿಲಿಂಡರ್. ಚಹಾಕ್ಕೆ ಗ್ಯಾಸು, ರೊಟ್ಟಿಗೆ ಮತ್ತು ಬಿಸಿನೀರಿಗೆ ಕಟಗಿ ಒಲೆ ಎಂಬುದು ಇವತ್ತಿಗೂ ಹಲವು ಮನೆಗಳ ಲೆಕ್ಕ. ಸಿಲಿಂಡರಿನ ರೇಟು ನೋಡಿದರೆ ಅವರನ್ನು ತಪ್ಪು ಎನ್ನಲು ಬಾಯಿ ಬರುವುದಿಲ್ಲ.

1971ರಲ್ಲಿ ಕರ್ನಾಟಕದಲ್ಲಿ ಹುಟ್ಟಿದ ಸಾವಿರ ಮಕ್ಕಳಲ್ಲಿ 95 ಮಕ್ಕಳು ವರ್ಷ ತುಂಬುವ ಮೊದಲೇ ತೀರುತ್ತಿದ್ದರು. 2020ರಲ್ಲಿ ಅದು 19. ಬಾಣಂತಿ ಮನೆಗೆ ಬಂದ ಮೇಲೆ 3, 7, 14, 21, 28 ಮತ್ತು 42ನೇ ದಿನ ಆಶಾ ಅಕ್ಕ ಬರುತ್ತಾರೆ. ಅವರ ಚೀಲದಲ್ಲಿ ತೂಕದ ಜೋಲಿ, ಥರ್ಮಾಮೀಟರ್, ಒಂದು ಗಡಿಯಾರ. ಕೂಸಿನ ಅಂಗಿ ಎತ್ತಿ ಪಕ್ಕೆ ನೋಡುತ್ತಾರೆ. ಅವರ ಫಾರಂನಲ್ಲಿ ಪಕ್ಕೆ ಸೆಳೆತಕ್ಕೆ ಒಂದು ಕಾಲಂ ಇದೆ: ಹೌದು, ಇಲ್ಲ. ಮುಂದಿನ ಸಲ ಅವರು ಬಂದಾಗ ಚಹಾ ಕೊಟ್ಟು ಕಳಿಸುವ ಗಡಿಬಿಡಿ ಮಾಡಬೇಡಿ, ಆ ಒಂದು ನಿಮಿಷ ಟಿವಿ ಆರಿಸಿ, ಎಣಿಸಲು ಬಿಡಿ.