ಸ್ಟೆನೋಗಳ ಹೆಸರಿನ ಲಿಲ್ಲಿ

ಇವತ್ತಿನ ಸಂಚಿಕೆಯಲ್ಲಿ ಒಂದು ಹೂವಿನ ಕಥೆ. ಹೂವಿನದ್ದು ಅನ್ನೋದಕ್ಕಿಂತ, ಹೂವಿಗೆ ಇಟ್ಟ ಹೆಸರಿನ ಕಥೆ ಅನ್ನಬಹುದು.

ಮಲೆನಾಡಿನವರಿಗೆ ಡೇರೆ ಹೂ ಗೊತ್ತೇ ಇರುತ್ತೆ. ಗಿಡ ಒಣಗಿದರೂ ಮಣ್ಣಿನೊಳಗಿನ ಗೆಡ್ಡೆಗೆ ಜೀವ ಇರುತ್ತೆ, ಮುಂದಿನ ಮಳೆಗಾಲಕ್ಕೆ ಮತ್ತೆ ಚಿಗುರುತ್ತೆ. ಆದರೆ ಅದೇ ಗೆಡ್ಡೆಯನ್ನು ಕೆನಡಾದ ಒಟ್ಟಾವಾದಲ್ಲಿ ಚಳಿಗಾಲಕ್ಕೆ ನೆಲದಲ್ಲೇ ಬಿಟ್ಟರೆ ಮುಗೀತು, ಹೆಪ್ಪುಗಟ್ಟಿ ಕೊಳೆತು ಹೋಗುತ್ತೆ. ಅಲ್ಲಿ ಚಳಿ ಮೈನಸ್ 30 ಡಿಗ್ರಿಯ ಹತ್ತಿರಕ್ಕೂ ಇಳಿಯುವುದುಂಟು. ಅಂಥ ನೆಲದಲ್ಲಿ ವರ್ಷವರ್ಷವೂ ತಾನಾಗಿಯೇ ಎದ್ದು ಬರುವ ಹೂಗಿಡ ಬೇಕು ಅಂತ ಹೊರಟವರು ಇಸಬೆಲ್ಲಾ ಪ್ರೆಸ್ಟನ್.

ಹುಟ್ಟಿದ್ದು 1881ರಲ್ಲಿ, ಇಂಗ್ಲೆಂಡಿನಲ್ಲಿ. 1912ರಲ್ಲಿ ಕೆನಡಾದ ಗ್ವೆಲ್ಫ್ ಊರಿಗೆ ಬಂದರು. ಅಲ್ಲಿನ ಕೃಷಿ ಕಾಲೇಜಿಗೆ ಸೇರಿದವರು ಕ್ಲಾಸ್ ಬಿಟ್ಟು ತೋಟದ ಕೆಲಸಕ್ಕೇ ಇಳಿದುಬಿಟ್ಟರು. ಚೀನಾ ಮೂಲದ ಎರಡು ಲಿಲ್ಲಿಗಳನ್ನು ಬೆರೆಸಿ ಹೊಸ ಬಿಳಿ ಲಿಲ್ಲಿಯೊಂದನ್ನು ಬೆಳೆಸಿದರು. ಅದಕ್ಕೆ ಬಂದ ಹೆಸರು ಯಾರದ್ದು ಗೊತ್ತಾ? ಕಾಲೇಜಿನ ಮುಖ್ಯಸ್ಥ ಜಾರ್ಜ್ ಕ್ರೀಲ್‌ಮನ್ ಅವರದ್ದು!

1920ರಲ್ಲಿ ಒಟ್ಟಾವಾದ ಸರ್ಕಾರಿ ಸೆಂಟ್ರಲ್ ಎಕ್ಸ್‌ಪೆರಿಮೆಂಟಲ್ ಫಾರ್ಮ್‌ಗೆ ಸೇರಿದರು. ವಯಸ್ಸು ನಲವತ್ತರ ಹತ್ತಿರ. ಹೊಸ ಲಿಲ್ಲಿ ಸೃಷ್ಟಿಸಿದ್ದವರಿಗೆ ಅಲ್ಲಿ ಮೊದಲು ಸಿಕ್ಕ ಕೆಲಸ ದಿನಗೂಲಿಯದ್ದು. ಅಲಂಕಾರಿಕ ಗಿಡಗಳ ತಜ್ಞೆ ಅನ್ನುವ ಸ್ಥಾನ ಬಂದದ್ದು ಆಮೇಲೆ.

ಈಗ ಮಣ್ಣಿನ ವಿಷಯಕ್ಕೆ ಬರೋಣ. ಈರುಳ್ಳಿಗೆ ಒಣ ಸಿಪ್ಪೆಯ ಹೊದಿಕೆ ಇರುತ್ತಲ್ವಾ, ಲಿಲ್ಲಿ ಗೆಡ್ಡೆಗೆ ಅದಿಲ್ಲ. ಕಿತ್ತು ಹೊರಗಿಟ್ಟರೆ ಬೇಗ ಬಾಡುತ್ತೆ. ಹಾಗಾಗಿ ಚಳಿ ನಾಡಿನಲ್ಲಿ ಹೂ ಮುಗಿದು, ಎಲೆ ಹಳದಿಯಾಗುವ ಹೊತ್ತಿಗೆ ಕಿತ್ತು ತಡಮಾಡದೆ ಬೇರೆ ಕಡೆ ನೆಡಬೇಕು. ಸುಮಾರು 15 ಸೆಂಟಿಮೀಟರ್ ಆಳಕ್ಕೆ, ನೀರು ನಿಲ್ಲದ ಜಾಗದಲ್ಲಿ. ನೆಲ ಹೆಪ್ಪುಗಟ್ಟುವ ಮೊದಲೇ ಬೇರು ಮಣ್ಣನ್ನು ಹಿಡಿದುಕೊಳ್ಳಬೇಕು.

ಇನ್ನೊಂದು ಮಾತು ಕೇಳಿ, ನನಗೂ ಇದು ಮೊದಲು ಉಲ್ಟಾ ಅನ್ನಿಸಿತ್ತು. ನೆಲ ಹೆಪ್ಪುಗಟ್ಟಿದ *ಮೇಲೆ* ಅದರ ಮೇಲೆ ಒಣಹುಲ್ಲು ಹೊದಿಸ್ತಾರೆ. ಬೆಚ್ಚಗಿಡೋದಕ್ಕಲ್ಲ, ತಣ್ಣಗೇ ಇರಲಿ ಅಂತ! ನಡುವೆ ಬಿಸಿಲು ಬಂದು ಮಣ್ಣು ಕರಗಿ, ರಾತ್ರಿ ಮತ್ತೆ ಹೆಪ್ಪುಗಟ್ಟಿದರೆ, ಉಬ್ಬಿದ ಮಣ್ಣು ಗೆಡ್ಡೆಯನ್ನು ಮೇಲಕ್ಕೆ ತಳ್ಳುತ್ತೆ, ಬೇರು ಕಿತ್ತುಬರುತ್ತೆ. ಅಂದರೆ ಗಟ್ಟಿ ಗಿಡಕ್ಕೆ ಒಂದೇ ಸಮನೆ ಇರುವ ಚಳಿಗಿಂತ ಹೀಗೆ ಬಂದು ಹೋಗುವ ಚಳಿಯೇ ಹೆಚ್ಚು ಅಪಾಯ. ಹಿಮ ಬಿದ್ದರೆ ಅದೂ ಕಂಬಳಿಯೇ.

ಪ್ರೆಸ್ಟನ್ ಈ ಹವೆಗೆ ತಾಳುವ ಗಿಡಗಳನ್ನು ಒಂದೊಂದಾಗಿ ಬೆಳೆಸಿದರು. ಸೈಬೀರಿಯನ್ ಐರಿಸ್‌ಗಳಿಗೆ ಕೆನಡಾದ ನದಿಗಳ ಹೆಸರಿಟ್ಟರು. ಲೈಲಾಕ್ ಎಂಬ ಹೂಪೊದೆಗಳಿಗೆ ಮಿರಾಂಡಾ, ಡೆಸ್ಡೆಮೋನಾ ಅಂತ ಶೇಕ್ಸ್‌ಪಿಯರ್ ನಾಟಕಗಳ ಹೆಣ್ಣುಗಳ ಹೆಸರು. 1929ರಲ್ಲಿ ಲಿಲ್ಲಿ ಬೆಳೆಸುವ ಬಗ್ಗೆ ಪುಸ್ತಕವನ್ನೂ ಬರೆದರು.

ನನಗೆ ಇಷ್ಟವಾದದ್ದು ಮುಂದಿನ ಸಂಗತಿ. ಒಂದು ಸಾಲು ಲಿಲ್ಲಿಗಳಿಗೆ ಅವರು ಫಾರ್ಮ್‌ನ ಆಫೀಸಿನಲ್ಲಿ ಟೈಪ್ ಮಾಡುತ್ತಿದ್ದ ಸ್ಟೆನೋಗಳ ಹೆಸರಿಟ್ಟರು. ಬ್ರೆಂಡಾ ವಾಟ್ಸ್, ಲೈಲಾ ಮೆಕ್‌ಕ್ಯಾನ್... ಇವು ರಾಣಿಯರ ಹೆಸರೂ ಅಲ್ಲ, ಮುಖ್ಯಸ್ಥರ ಹೆಸರೂ ಅಲ್ಲ. ಬೆಳಿಗ್ಗೆ ಬಂದು ಸಂಜೆವರೆಗೆ ಬೇರೆಯವರ ಮಾತನ್ನು ಕಾಗದಕ್ಕೆ ಇಳಿಸಿ ಮನೆಗೆ ಹೋಗುತ್ತಿದ್ದ ಹೆಣ್ಣುಮಕ್ಕಳ ಹೆಸರು. ಯುದ್ಧದ ಕಾಲದಲ್ಲಿ ಸ್ಪಿಟ್‌ಫೈರ್‌ನಂಥ ಯುದ್ಧವಿಮಾನಗಳ ಹೆಸರೂ ಲಿಲ್ಲಿಗಳಿಗೆ ಬಂದವು. ಆದರೆ ನನ್ನ ಮನಸ್ಸಲ್ಲಿ ಉಳಿದದ್ದು ಆ ಸ್ಟೆನೋಗಳೇ.

ಮೊದಲ ಲಿಲ್ಲಿಗೆ ದೊಡ್ಡವರ ಹೆಸರು ಬಂತು. ದಿನಗೂಲಿಯಿಂದ ಮೇಲೆ ಬಂದ ಮೇಲೆ, ಪಕ್ಕದಲ್ಲಿ ಕೆಲಸ ಮಾಡುತ್ತಿದ್ದವರ ಹೆಸರು ಬಂತು. ಅದಕ್ಕೆ ಕಾರಣ ಏನಂತ ನಾನು ಹೇಳಲ್ಲ, ನೀವೇ ಯೋಚನೆ ಮಾಡಿ.

ಪ್ರೆಸ್ಟನ್ 1946ರಲ್ಲಿ ನಿವೃತ್ತರಾದರು, 1965ರಲ್ಲಿ ತೀರಿಕೊಂಡರು. ತಮ್ಮ ಹೆಸರನ್ನು ತಾವೇ ಮುಂದೆ ಮಾಡುವ ಅಗತ್ಯ ಅವರಿಗೆ ಬರಲಿಲ್ಲ. ಅಮೆರಿಕದ ಸಸ್ಯಶಾಸ್ತ್ರಜ್ಞೆ ಸೂಸನ್ ಮೆಕೆಲ್ವಿ, ಆ ಲೈಲಾಕ್ ಗುಂಪಿಗೇ ಪ್ರೆಸ್ಟೋನಿಯೇ ಅಂತ ಹೆಸರಿಟ್ಟಿದ್ದರು.

ನಿಮ್ಮ ಮನೆಯಂಗಳದಲ್ಲಿ ಯಾರೋ ಕೊಟ್ಟ ಗೆಡ್ಡೆಯ ಗಿಡ ಇದ್ದರೆ, ಅದನ್ನು ಕೊಟ್ಟವರು ಯಾರು ಅಂತ ಇವತ್ತೇ ಅಮ್ಮನನ್ನೋ ಅಜ್ಜಿಯನ್ನೋ ಕೇಳಿ ಬರೆದಿಟ್ಟುಕೊಳ್ಳಿ. ಮುಂದಿನ ವಾರ ಸಿಗೋಣ.