ಅಪ್ಪನ ಯೂನಿಫಾರ್ಮು, ಮಗುವಿಗೆ ಶಿಕ್ಷೆ

ಅಬ್ಬಾ ಅಂತ ಒಂದು ಬ್ಯಾಂಡ್ ಇತ್ತು. ಹೆಸರು ಕೇಳಿದ ಕೂಡಲೇ ನಮ್ಮ ಬಾಯಲ್ಲಿ ಬರುವ 'ಅಬ್ಬಾ!' ನೆನಪಾದರೆ ತಪ್ಪಿಲ್ಲ. ಆದರೆ ಇದು ಸ್ವೀಡನ್ ದೇಶದ್ದು, ನಾಲ್ಕು ಕಲಾವಿದರ ಹೆಸರಿನ ಮೊದಲಕ್ಷರ ಸೇರಿಸಿ ಕಟ್ಟಿದ ಹೆಸರು. 1974ರಲ್ಲಿ ಯೂರೋವಿಷನ್ ಸ್ಪರ್ಧೆ ಗೆದ್ದ ಮೇಲೆ ಇವರ ಹಾಡು ಮುಟ್ಟದ ದೇಶವೇ ಇಲ್ಲ ಅನ್ನುವ ಹಾಗಾಯಿತು. 'ಡ್ಯಾನ್ಸಿಂಗ್ ಕ್ವೀನ್', 'ಮನಿ ಮನಿ ಮನಿ'. ನಿಮ್ಮಲ್ಲಿ ಎಷ್ಟೋ ಜನ ಕಾಲೇಜು ದಿನಗಳಲ್ಲಿ ಕ್ಯಾಸೆಟ್ ಹಾಕಿ ಕೇಳಿರ್ತೀರಿ.

ಆ ನಾಲ್ವರಲ್ಲಿ ಒಬ್ಬಾಕೆ ಆನಿ-ಫ್ರಿಡ್ ಲಿಂಗ್‌ಸ್ಟಾಡ್. ಅಭಿಮಾನಿಗಳ ಪಾಲಿಗೆ ಬರೀ ಫ್ರಿಡಾ. 1977ರಲ್ಲಿ, ಖ್ಯಾತಿ ನೆತ್ತಿ ಮೇಲಿದ್ದ ಹೊತ್ತಿನಲ್ಲಿ, ಜರ್ಮನಿಯ ಒಂದು ಹರೆಯದವರ ಪತ್ರಿಕೆ ಆಕೆಯ ಹುಟ್ಟಿನ ಕಥೆ ಛಾಪಿಸಿತು. ಅಪ್ಪ ಜರ್ಮನ್ ಸೈನಿಕ, ಯುದ್ಧ ಮುಗಿದ ಮೇಲೆ ಊರಿಗೆ ಮರಳುವಾಗ ಹಡಗು ಮುಳುಗಿ ಸತ್ತ ಅಂತ ಮನೆಯವರು ಆಕೆಗೆ ಹೇಳಿದ್ದರು. ಮೂವತ್ತು ವರ್ಷ ಆಕೆಯೂ ಅದನ್ನೇ ನಂಬಿದ್ದಳು. ಪತ್ರಿಕೆಯಲ್ಲಿ ಆ ಸೈನಿಕನ ಹೆಸರು ಬಂತು ನೋಡಿ, ಜರ್ಮನಿಯ ಒಂದು ಮನೆಯಲ್ಲಿ ಹುಡುಗಿಯೊಬ್ಬಳು ಓದಿ ಬೆಚ್ಚಿಬಿದ್ದಳು. ಅದು ಅವಳ ಬಂಧುವಿನ ಹೆಸರು. ಆ ಮನುಷ್ಯ ಬದುಕಿದ್ದ! ಕೇಕು, ಪೇಸ್ಟ್ರಿ ಮಾಡುವ ಕಸುಬು ಮಾಡಿಕೊಂಡು, ಹೆಂಡತಿ ಮಕ್ಕಳ ಜೊತೆ ಜರ್ಮನಿಯಲ್ಲೇ ಇದ್ದ. ತನಗೆ ನಾರ್ವೆಯಲ್ಲಿ ಒಬ್ಬ ಮಗಳು ಹುಟ್ಟಿದ್ದಾಳೆ, ಜಗತ್ತೇ ಅವಳ ಹಾಡಿಗೆ ಕುಣಿಯುತ್ತಿದೆ ಅನ್ನೋದು ಆತನಿಗೆ ಗೊತ್ತೇ ಇರಲಿಲ್ಲ. ಅದೇ ವರ್ಷ ಸ್ಟಾಕ್‌ಹೋಮ್‌ನಲ್ಲಿ ಅಪ್ಪ ಮಗಳು ಭೇಟಿಯಾದರು.

ಇಷ್ಟಕ್ಕೇ ನಿಲ್ಲಿಸಿದರೆ ಇದು ಒಳ್ಳೆ ಸಿನಿಮಾ ಕಥೆ. ಆದರೆ ನನ್ನ ಪ್ರಶ್ನೆ ಬೇರೆ. ನಾರ್ವೆಯ ಉತ್ತರ ಭಾಗದ ನಾರ್ವಿಕ್ ಹತ್ತಿರದ ಸಣ್ಣ ಊರಲ್ಲಿ ಹುಟ್ಟಿದ ಮಗು ಸ್ವೀಡನ್ನಿನ ಗಾಯಕಿ ಆಗಿದ್ದು ಹೇಗೆ? ಹುಟ್ಟಿದ್ದು 1945ರ ನವೆಂಬರ್ 15. ಯುದ್ಧ ಮುಗಿದು ಆರು ತಿಂಗಳಾಗಿತ್ತು. ಆ ಊರಿನ ಜನರ ಕಣ್ಣಲ್ಲಿ ಆ ತೊಟ್ಟಿಲ ಕೂಸು ಶತ್ರುವಿನ ಪಿಂಡ. ಅಜ್ಜಿಗೆ ಅರ್ಥವಾಯಿತು, ಇಲ್ಲಿ ಈ ಮಗುವಿಗೆ ಬಾಳಿಲ್ಲ ಅಂತ. ಮೊಮ್ಮಗಳನ್ನು ಎತ್ತಿಕೊಂಡು ಗಡಿ ದಾಟಿದಳು. ತಾಯಿಯೂ ಹಿಂದೆಯೇ ಬಂದಳು. ಆದರೆ 1947ರಲ್ಲಿ, ಬರೀ ಇಪ್ಪತ್ತೊಂದನೇ ವಯಸ್ಸಿಗೆ, ಮೂತ್ರಪಿಂಡದ ಕಾಯಿಲೆಯಿಂದ ತೀರಿಕೊಂಡಳು. ಮಗುವನ್ನು ಸಾಕಿದ್ದು ಅಜ್ಜಿ.

ಫ್ರಿಡಾ ಪಾರಾದಳು. ಪಾರಾಗದೇ ಉಳಿದವರ ಲೆಕ್ಕ ಕೇಳಿ. ಹತ್ತರಿಂದ ಹನ್ನೆರಡು ಸಾವಿರ ಮಕ್ಕಳು.

ಸ್ವಲ್ಪ ಹಿಂದಕ್ಕೆ ಹೋಗೋಣ. 1940ರ ಏಪ್ರಿಲ್ 9ರಂದು ಹಿಟ್ಲರನ ಸೈನ್ಯ ನಾರ್ವೆಗೆ ನುಗ್ಗಿತು. ದೊರೆ ಮತ್ತು ಸರ್ಕಾರ ಕೊನೆಗೆ ಲಂಡನ್‌ಗೆ ಹೋದರು. ಇಲ್ಲಿ ಕ್ವಿಸ್ಲಿಂಗ್ ಅನ್ನುವ ನಾರ್ವೆಯವನೇ ಜರ್ಮನರ ಜೊತೆ ಕೈಜೋಡಿಸಿದ. ಎಷ್ಟರ ಮಟ್ಟಿಗೆ ಅಂದರೆ ಇವತ್ತಿಗೂ ಇಂಗ್ಲಿಷ್‌ನಲ್ಲಿ ದೇಶದ್ರೋಹಿಗೆ 'ಕ್ವಿಸ್ಲಿಂಗ್' ಅನ್ನೋದು ಇನ್ನೊಂದು ಹೆಸರು. ಆಗ ನಾರ್ವೆಯ ಒಟ್ಟು ಜನಸಂಖ್ಯೆ ಸುಮಾರು 30 ಲಕ್ಷ. ಅಲ್ಲಿ ಬಂದು ಕೂತ ಜರ್ಮನ್ ಸೈನಿಕರು 3 ಲಕ್ಷಕ್ಕೂ ಹೆಚ್ಚು. ಒಂದು ಹಳ್ಳಿ, ಒಂದು ಬಂದರು, ಒಂದು ಶಾಲೆ ಬಿಡದೆ ಎಲ್ಲಾ ಕಡೆ ಸಮವಸ್ತ್ರ. ಐದು ವರ್ಷ. ಆಫೀಸಲ್ಲಿ, ಅಡುಗೆಮನೆಯಲ್ಲಿ, ಬಟ್ಟೆ ಒಗೆಯುವ ಜಾಗದಲ್ಲಿ ಕೆಲಸ ಕೊಡುತ್ತಿದ್ದವರೂ ಅವರೇ. ಇಪ್ಪತ್ತರ ಹುಡುಗ, ಹತ್ತೊಂಬತ್ತರ ಹುಡುಗಿ. ಪ್ರೀತಿಯೂ ಆಯಿತು, ಅನಿವಾರ್ಯವೂ ಇತ್ತು, ಮೋಸವೂ ನಡೆಯಿತು. ಮೂವತ್ತರಿಂದ ಐವತ್ತು ಸಾವಿರ ನಾರ್ವೆ ಹೆಣ್ಣುಮಕ್ಕಳಿಗೆ ಜರ್ಮನ್ ಸೈನಿಕರ ಜೊತೆ ಸಂಬಂಧ ಇತ್ತು ಅನ್ನೋದು ಇತಿಹಾಸಕಾರರ ಅಂದಾಜು.

ಈಗ ಇಲ್ಲೊಬ್ಬ ಬರುತ್ತಾನೆ. ಹೈನ್ರಿಕ್ ಹಿಮ್ಲರ್. ಎಸ್‌ಎಸ್ ಪಡೆಯ ಮುಖ್ಯಸ್ಥ. ಲಕ್ಷಾಂತರ ಯಹೂದಿಗಳನ್ನು ಕೊಂದ ಯಂತ್ರಕ್ಕೆ ಕೀಲಿ ಕೊಟ್ಟವನು. ಈತನಿಗೆ ಒಂದು ಹುಚ್ಚಿತ್ತು. ಹೊಂಗೂದಲು, ನೀಲಿಗಣ್ಣಿನ 'ಶ್ರೇಷ್ಠ ರಕ್ತ'ದ ಮಕ್ಕಳನ್ನು ಬೆಳೆಸಬೇಕು ಅಂತ. ಅದಕ್ಕಾಗಿ 1935ರಲ್ಲೇ ಲೆಬೆನ್ಸ್‌ಬಾರ್ನ್ ಅನ್ನುವ ಸಂಸ್ಥೆ ಶುರು ಮಾಡಿದ್ದ. ಹೆಸರಿನ ಅರ್ಥ 'ಜೀವದ ಒರತೆ'. ಹೆಸರು ಎಷ್ಟು ಚೆಂದ ನೋಡಿ! ನಾರ್ವೆಯ ಜನ ಆತನ ಪ್ರಕಾರ ಅಪ್ಪಟ ನಾರ್ಡಿಕ್ ತಳಿ. ಹಾಗಾಗಿ ನಾರ್ವೆಯಲ್ಲಿ ಹೆರಿಗೆ ಮನೆಗಳು, ಶಿಶುಗೃಹಗಳು ಎದ್ದವು. 1942ರ ಜುಲೈ 28ರಂದು ಹಿಟ್ಲರನೇ ಆದೇಶ ಹೊರಡಿಸಿದ: ನಾರ್ವೆ ಮತ್ತು ಹಾಲೆಂಡ್‌ನಲ್ಲಿ ಜರ್ಮನ್ ಸೈನಿಕರಿಗೆ ಹುಟ್ಟುವ ಮಕ್ಕಳ, ತಾಯಂದಿರ ಆರೈಕೆ ಜರ್ಮನಿಯ ಹೊಣೆ. ಹೆರಿಗೆ ಖರ್ಚು, ತಾಯಿಗೆ ಭತ್ಯೆ, ಬೇಡವಾದರೆ ಮಗುವನ್ನು ಜರ್ಮನಿಗೆ ದತ್ತು ಕೊಡುವ ವ್ಯವಸ್ಥೆ. ಪ್ರತಿ ಮಗುವಿಗೂ ಒಂದು ಫೈಲು. ಸುಮಾರು ಎಂಟು ಸಾವಿರ ಮಕ್ಕಳ ಹೆಸರು ಆ ಫೈಲುಗಳಲ್ಲಿ ದಾಖಲಾಯಿತು. ಈ ಫೈಲುಗಳನ್ನು ಮರೀಬೇಡಿ, ಮುಂದೆ ಬೇಕಾಗುತ್ತೆ.

ಒಂದು ಮಾತು ಸ್ಪಷ್ಟ ಮಾಡ್ತೀನಿ. ಲೆಬೆನ್ಸ್‌ಬಾರ್ನ್ ಅಂದರೆ ಜರ್ಮನ್ ಅಧಿಕಾರಿಗಳಿಗೆ ಹೆಣ್ಣುಗಳನ್ನು ಜೋಡಿಸಿ ಮಕ್ಕಳು ಹುಟ್ಟಿಸುವ ಕಾರ್ಖಾನೆ ಅಂತ ಆಗಾಗ ಓದಿರ್ತೀರಿ. ಅದು ಪುಕಾರು. ಅಲ್ಲಿಗೆ ಬಂದವರು ಮೊದಲೇ ಬಸುರಿಯಾದವರು, ಹೋಗೋಕೆ ಜಾಗ ಇಲ್ಲದವರು. ಆದರೆ ಈ ಪುಕಾರಿನ ಕೆಸರು ಆ ತಾಯಂದಿರಿಗೆ ಸಾಯುವ ತನಕ ಅಂಟಿಕೊಂಡಿತು.

1945ರ ಮೇ 8. ಜರ್ಮನಿ ಶರಣಾಯಿತು. ಓಸ್ಲೋ ಬೀದಿಗಳಲ್ಲಿ ಬಾವುಟ, ಹಾಡು, ಕುಣಿತ. ಅದೇ ಬೀದಿಯ ಇನ್ನೊಂದು ತುದಿಯಲ್ಲಿ ಹೆಣ್ಣುಮಕ್ಕಳನ್ನು ಎಳೆದು ತಂದು ತಲೆ ಬೋಳಿಸುತ್ತಿದ್ದರು. 'ಜರ್ಮನರ ಸೂಳೆಯರು' ಅಂತ ಕೂಗು. ಯುದ್ಧದ ನಡುವೆಯೇ ಲಂಡನ್ ರೇಡಿಯೋ ಎಚ್ಚರಿಸಿತ್ತು, ಜರ್ಮನರ ಜೊತೆ ಹೋದ ಹೆಂಗಸರು ಇದಕ್ಕೆ ಬದುಕಿಡೀ ಬೆಲೆ ತೆರಬೇಕಾಗುತ್ತೆ ಅಂತ. ಮಾತು ಉಳಿಸಿಕೊಂಡರು! ಸಾವಿರಾರು ಹೆಂಗಸರನ್ನು ಹಿಡಿದು ಕೂಡಿಹಾಕಿದರು. ಓಸ್ಲೋ ಎದುರಿಗಿರುವ ಹೊವೆಡೊಯ ಅನ್ನುವ ದ್ವೀಪವೇ ಹೆಂಗಸರ ಶಿಬಿರ ಆಯಿತು. ಯಾವ ಕಾನೂನಿನಲ್ಲಿ? ಜರ್ಮನ್ ಹುಡುಗನನ್ನು ಪ್ರೀತಿಸೋದು ಅಪರಾಧ ಅಂತ ನಾರ್ವೆಯ ಯಾವ ಕಾನೂನೂ ಹೇಳಿರಲಿಲ್ಲ.

ಕಾನೂನು ಆಮೇಲೆ ಬಂತು. 1945ರ ಆಗಸ್ಟ್‌ನಲ್ಲಿ. ಜರ್ಮನನನ್ನು ಮದುವೆಯಾದ ಹೆಣ್ಣು ನಾರ್ವೆಯ ಪೌರತ್ವ ಕಳೆದುಕೊಳ್ಳುತ್ತಾಳೆ, ಅವಳನ್ನು ಜರ್ಮನಿಗೆ ಗಡೀಪಾರು ಮಾಡಬಹುದು. ಬಾಂಬಿನಿಂದ ಬೂದಿಯಾದ, ತಿನ್ನೋಕೆ ಅನ್ನ ಇಲ್ಲದ ಜರ್ಮನಿಗೆ ಹಸುಗೂಸುಗಳ ಜೊತೆ ಸಾವಿರಾರು ಹೆಂಗಸರು ಹೊರಟರು. ಇನ್ನೊಂದು ಲೆಕ್ಕ ಕೇಳಿ, ನನಗೆ ಇದನ್ನು ಓದಿದಾಗ ಮೈ ಉರಿಯಿತು. ಯುದ್ಧಕಾಲದಲ್ಲಿ ಜರ್ಮನ್ ಹೆಣ್ಣುಗಳನ್ನು ಮದುವೆಯಾದ ನಾರ್ವೆ ಗಂಡಸರೂ ಇದ್ದರು. ಗೊತ್ತಿರುವವರೇ 28 ಜನ. ಅವರಲ್ಲಿ ಒಬ್ಬನನ್ನಾದರೂ ಗಡೀಪಾರು ಮಾಡಿದರಾ? ಇಲ್ಲ. ಒಬ್ಬನ ಪೌರತ್ವವೂ ಹೋಗಲಿಲ್ಲ.

ಸರಿ, ತಾಯಂದಿರ ಮೇಲೆ ಸಿಟ್ಟು. ಮಕ್ಕಳು ಏನು ಮಾಡಿದ್ದರು? ದೊಡ್ಡದಕ್ಕೆ ನಾಲ್ಕು ವರ್ಷ, ಚಿಕ್ಕದು ಇನ್ನೂ ಹೊಟ್ಟೆಯಲ್ಲಿ. 1945ರ ಬೇಸಿಗೆಯಲ್ಲಿ ಸರ್ಕಾರ ಒಂದು ಸಮಿತಿ ಮಾಡಿತು. ವಿಷಯ: ಈ ಮಕ್ಕಳನ್ನು ಏನು ಮಾಡೋದು? ಪತ್ರಿಕೆಗಳಲ್ಲಿ ಚರ್ಚೆ ನಡೆಯುತ್ತಿತ್ತು, ಇವರು ದೊಡ್ಡವರಾದರೆ ನಮ್ಮೊಳಗೇ ಜರ್ಮನರ ಐದನೇ ಪಡೆ ಆಗ್ತಾರೆ ಅಂತ! ದೇಶದ ಹೆಸರಾಂತ ಮನೋವೈದ್ಯ ಓರ್ನುಲ್ಫ್ ಓಡೆಗೋರ್ ಅವರ ಅಭಿಪ್ರಾಯವನ್ನೂ ಕೇಳಿದರು. ಮಕ್ಕಳನ್ನು ಒಬ್ಬೊಬ್ಬರಾಗಿ ಪರೀಕ್ಷೆ ಮಾಡದೆಯೇ ಅವರ ಉತ್ತರ ಬಂತು. ಜರ್ಮನರ ಜೊತೆ ಹೋದ ಹೆಂಗಸರಲ್ಲಿ ಬಹಳ ಮಂದಿ ಮಂದಬುದ್ಧಿಯವರು, ಮಕ್ಕಳಲ್ಲೂ ದೊಡ್ಡ ಪಾಲಿಗೆ ಅದೇ ಬರುತ್ತೆ ಅನ್ನೋದು ಅದರ ಸಾರ. ಆಸ್ಟ್ರೇಲಿಯಾದಿಂದ ವಲಸೆ ನಿಯೋಗ ಬಂದಿತ್ತು, ಅವರಿಗೆ ಜನ ಬೇಕಿತ್ತು. ಈ ಮಕ್ಕಳನ್ನೆಲ್ಲ ತಗೊಂಡು ಹೋಗ್ತೀರಾ ಅಂತ ನಾರ್ವೆ ಕೇಳಿತು. ಸಂತೆಯಲ್ಲಿ ಬೇಡದ ದನ ಸಾಗಹಾಕುವ ಹಾಗೆ. ಆ ಯೋಜನೆ ಕೈಗೂಡಲಿಲ್ಲ. ಸಮಿತಿಯಲ್ಲೂ ಮನುಷ್ಯರು ಇದ್ದರು ಅನ್ನಿ, ಮಕ್ಕಳು ಇಲ್ಲೇ ಇರಲಿ, ಸಮಾಜ ಅವರನ್ನು ಒಪ್ಪಿಕೊಳ್ಳಲಿ ಅಂತ ಕೊನೆಗೆ ಹೇಳಿದರು. ವರದಿ ಬೀರು ಸೇರಿತು.

ಇಲ್ಲಿ ಒಂದು ನಿಮಿಷ ನಿಲ್ಲಿ. ನಾಜಿಗಳು ಈ ಮಗುವನ್ನು ತೂಕ ಮಾಡಿ ಹೇಳಿದ್ದೇನು? ಒಳ್ಳೆ ರಕ್ತ. ನಾಜಿಗಳನ್ನು ಸೋಲಿಸಿದ ದೇಶ ಅದೇ ಮಗುವನ್ನು ನೋಡಿ ಹೇಳಿದ್ದೇನು? ಕೆಟ್ಟ ರಕ್ತ. ಹಿಮ್ಲರ್ ವಿಷ ಕುಡಿದು ಸತ್ತ, ಕ್ವಿಸ್ಲಿಂಗ್‌ನನ್ನು ಗುಂಡಿಟ್ಟು ಕೊಂದರು, ಆದರೆ ಅವರ ತಕ್ಕಡಿ ಮಾತ್ರ ಗೆದ್ದವರ ಕೈಗೇ ಬಂದಿತ್ತು. ಮಹಾಭಾರತದಲ್ಲಿ ಕರ್ಣ ಬಿಲ್ಲು ಹಿಡಿದು ರಂಗಕ್ಕೆ ಬಂದಾಗ ಯಾರೂ ಅವನ ಗುರಿ ನೋಡಲಿಲ್ಲ, ಕುಲ ಕೇಳಿದರು. ನಮಗೆ ಈ ಕಥೆ ಹೊಸದೇನಲ್ಲ ಬಿಡಿ.

ಆಮೇಲೆ ಶುರುವಾಗಿದ್ದು ಮೌನ. 'ಟಿಸ್ಕರುಂಗೆ' ಅಂತ ಅಲ್ಲಿ ಒಂದು ಬೈಗುಳ ಇದೆ. ಜರ್ಮನ್ ಮರಿ ಅಂತ ಅರ್ಥ. ಶಾಲೆಯ ಅಂಗಳದಲ್ಲಿ ಮಕ್ಕಳು ಹಾಗೆ ಕೂಗುತ್ತಿದ್ದರು, ಕೆಲವು ಕಡೆ ಮೇಷ್ಟರೂ ಕೂಗುತ್ತಿದ್ದರು. ಯಾಕೆ ಹಾಗಂತಾರೆ ಅಂತ ಮಗು ಮನೆಗೆ ಬಂದು ಕೇಳಿದರೆ ಅಮ್ಮ ಬಾಯಿ ಬಿಡುತ್ತಿರಲಿಲ್ಲ. ಮದುವೆಯಾಗಿ ಬಂದ ಮಲತಂದೆಗೆ ಆ ಮಗು ಕಣ್ಣಿಗೆ ಚುಚ್ಚುವ ಮುಳ್ಳು. ಓಸ್ಲೋ ಪಕ್ಕದ ಗೋಟ್‌ಹೋಬ್ ಅನ್ನುವ ಲೆಬೆನ್ಸ್‌ಬಾರ್ನ್ ಮನೆಯಲ್ಲಿ ಯಾರೂ ಕೇಳದೆ ಉಳಿದ ಕೆಲವು ಮಕ್ಕಳಿದ್ದರು. ಅವರಿಗೆ ಬುದ್ಧಿಮಾಂದ್ಯರು ಅಂತ ಚೀಟಿ ಅಂಟಿಸಿ ಬುದ್ಧಿಮಾಂದ್ಯರ ಆಶ್ರಮಕ್ಕೆ ಕಳಿಸಿದರು. ನೆಟ್ಟಗಿದ್ದ ಮಗುವನ್ನು ಅಲ್ಲಿ ಹಾಕಿ, ಪಾಠ ಹೇಳದೆ, ಮುದ್ದು ಮಾಡದೆ ಇಪ್ಪತ್ತು ವರ್ಷ ಇಟ್ಟರೆ ಅದು ಏನಾಗುತ್ತೆ ಅಂತ ನಾನು ಬಿಡಿಸಿ ಹೇಳಬೇಕಾ? 2000ದ ನಂತರ ನಾರ್ವೆಯ ಸರ್ಕಾರಿ ಅಂಕಿಅಂಶ ಸಂಸ್ಥೆಯೇ ಕೂತು ಅಧ್ಯಯನ ಮಾಡಿತು. ಅದೇ ಕಾಲದಲ್ಲಿ ಹುಟ್ಟಿದ ಬೇರೆ ಮಕ್ಕಳಿಗಿಂತ ಇವರಿಗೆ ಓದು ಕಡಿಮೆ, ಕಾಯಿಲೆ ಕಸಾಲೆ ಹೆಚ್ಚು.

ಎಪ್ಪತ್ತರ ದಶಕ ಕಳೆಯಿತು. ಮಕ್ಕಳಿಗೆ ನಲವತ್ತಾಯಿತು. ಆಗ ನೆನಪಾಗಿದ್ದು ಆ ಫೈಲುಗಳು. ಜರ್ಮನರು ಸುಡದೆ ಬಿಟ್ಟು ಹೋದ ಲೆಬೆನ್ಸ್‌ಬಾರ್ನ್ ದಾಖಲೆಗಳು ಓಸ್ಲೋದ ಪತ್ರಾಗಾರದಲ್ಲಿ ಭದ್ರವಾಗಿದ್ದವು. 1980ರ ದಶಕದಲ್ಲಿ ಅವು ಮಕ್ಕಳಿಗೆ ಸಿಗುವಂತಾಯಿತು. ಎಂಥಾ ವಿಪರ್ಯಾಸ ನೋಡಿ. ಸ್ವಂತ ಅಮ್ಮ ಹೇಳದ ಅಪ್ಪನ ಹೆಸರನ್ನು ಹಿಮ್ಲರ್‌ನ ಗುಮಾಸ್ತರು ಅಚ್ಚುಕಟ್ಟಾಗಿ ಟೈಪ್ ಮಾಡಿ ಇಟ್ಟಿದ್ದರು. ಹೆಸರು, ಹುಟ್ಟಿದ ಊರು, ಯಾವ ದಳ. ಕೆಲವರು ಜರ್ಮನಿಗೆ ಹೋಗಿ ಬಾಗಿಲು ತಟ್ಟಿದರು. ಎಲ್ಲಾ ಬಾಗಿಲೂ ತೆರೆಯಲಿಲ್ಲ. ತೆರೆದ ಬಾಗಿಲೂ ಎಲ್ಲಾ ಕಡೆ ಹಾಗೇ ಉಳಿಯಲಿಲ್ಲ. ಫ್ರಿಡಾ ಮತ್ತು ಆಕೆಯ ತಂದೆಯ ನಡುವಿನ ಮಾತೂ ಕೆಲವು ವರ್ಷಗಳಲ್ಲಿ ತಣ್ಣಗಾಯಿತು. ಮೂವತ್ತು ವರ್ಷ ಖಾಲಿ ಇದ್ದ ಜಾಗಕ್ಕೆ ಒಬ್ಬ ಅಪರಿಚಿತ ಬಂದು ಅಪ್ಪ ಆಗೋದು ಸಿನಿಮಾದಲ್ಲಿ ಆದಷ್ಟು ಸುಲಭವಿಲ್ಲ.

ನಾರ್ವೆ ಒಂದೇ ಹೀಗಾ? ಅಲ್ಲ. ವಿಯೆಟ್ನಾಂನಲ್ಲಿ ಅಮೆರಿಕದ ಸೈನಿಕರು ಬಿಟ್ಟು ಹೋದ ಮಕ್ಕಳನ್ನು ಅಲ್ಲಿಯವರು 'ಧೂಳಿನ ಮಕ್ಕಳು' ಅಂದರು. ಅಂಥವರನ್ನು ಕುಟುಂಬದ ಸಮೇತ ಕರೆಸಿಕೊಳ್ಳುವ ಕಾನೂನು ಮಾಡೋಕೆ ಅಮೆರಿಕಕ್ಕೆ 1987 ಆಯಿತು. ಸೈಗಾನ್ ಬಿದ್ದು ಹನ್ನೆರಡು ವರ್ಷದ ಮೇಲೆ. ನಮ್ಮ ಪಕ್ಕದಲ್ಲೇ, 1971ರಲ್ಲಿ, ಬಾಂಗ್ಲಾದೇಶದಲ್ಲಿ ನಡೆದದ್ದು ಇನ್ನೂ ಘೋರ. ಅಲ್ಲಿ ಪ್ರೀತಿಯ ಮಾತೇ ಇಲ್ಲ, ಪಾಕಿಸ್ತಾನಿ ಸೈನಿಕರ ಅತ್ಯಾಚಾರದ ಮಕ್ಕಳು ಅವರು. ಶೇಖ್ ಮುಜೀಬ್ ಆ ತಾಯಂದಿರನ್ನು 'ಬೀರಾಂಗನಾ', ಅಂದರೆ ವೀರಾಂಗನೆ ಅಂತ ಕರೆದರು. ಮಕ್ಕಳಿಗೆ ಮಾತ್ರ ಅಂಥ ಬಿರುದು ಸಿಗಲಿಲ್ಲ, ಅವರಲ್ಲಿ ಹಲವರನ್ನು ವಿದೇಶಕ್ಕೆ ದತ್ತು ಕೊಟ್ಟರು. 1972ರ ಜುಲೈನಲ್ಲಿ ಹದಿನೈದು ಕೂಸುಗಳು ಢಾಕಾದಿಂದ ಕೆನಡಾಗೆ ವಿಮಾನ ಹತ್ತಿದವು. ಅದನ್ನು ಬೇರೆಯದೇ ಒಂದು ದಿನ ಮಾತಾಡಬೇಕು, ಇದರ ಬಾಲಕ್ಕೆ ಕಟ್ಟಿ ಮುಗಿಸುವ ಕಥೆ ಅಲ್ಲ ಅದು.

ನಾನು ನಾರ್ವೆಯನ್ನೇ ಯಾಕೆ ಹಿಡಿದೆ ಅಂದರೆ, ಅದು ಜಗತ್ತಿಗೆ ಶಾಂತಿಯ ನೊಬೆಲ್ ಪ್ರಶಸ್ತಿ ಹಂಚುವ ದೇಶ. ಸುಖದ ಪಟ್ಟಿ ಬಂದಾಗಲೆಲ್ಲ ಮೇಲಿನ ಸಾಲಲ್ಲಿ ಕೂರುವ ದೇಶ. ನಾವೂ ಪ್ರೈಮ್ ಟೈಮ್‌ನಲ್ಲಿ ಕೂತು, ನೋಡಿ ಸ್ವಾಮಿ ನಾರ್ವೆ ಹೇಗಿದೆ, ನಾವು ಹೇಗಿದ್ದೀವಿ ಅಂತ ಎಷ್ಟು ಸಲ ಹೇಳಿಲ್ಲ?

ಆ ದೇಶದ ವಿರುದ್ಧ ಈ ಮಕ್ಕಳಲ್ಲಿ ಏಳು ಜನ 1999ರಲ್ಲಿ ಕೋರ್ಟಿಗೆ ಹೋದರು. ಅಷ್ಟರಲ್ಲಿ ಪ್ರಧಾನಿ ಬೊಂಡೆವಿಕ್ ಹೊಸ ವರ್ಷದ ಭಾಷಣದಲ್ಲಿ ಕ್ಷಮೆ ಕೇಳಿದರು. ಕೋರ್ಟು ಮಾತ್ರ ಕಾಲ ಮೀರಿದೆ ಅಂದಿತು. ದೂರು ಕೊಡುವ ಅವಧಿ ಮುಗಿದಿದೆಯಂತೆ! ಆಶ್ರಮದ ಗೋಡೆಯೊಳಗಿದ್ದ ಹುಡುಗ ಯಾವ ಅವಧಿಯಲ್ಲಿ ದೂರು ಕೊಡಬೇಕಿತ್ತು? ಸ್ಟ್ರಾಸ್‌ಬರ್ಗ್‌ನ ಯುರೋಪಿಯನ್ ಮಾನವ ಹಕ್ಕುಗಳ ನ್ಯಾಯಾಲಯಕ್ಕೆ ನೂರೈವತ್ತಕ್ಕೂ ಹೆಚ್ಚು ಜನ ಹೋದರು. 2007ರಲ್ಲಿ ಅಲ್ಲೂ ಅದೇ ಉತ್ತರ. ಈ ನಡುವೆ ಸಂಸತ್ತು ಪರಿಹಾರ ಮಂಜೂರು ಮಾಡಿತ್ತು. 20 ಸಾವಿರ ಕ್ರೋನರ್‌ನಿಂದ 2 ಲಕ್ಷ ಕ್ರೋನರ್ ತನಕ. ಹೆಚ್ಚು ಬೇಕಾದರೆ ಅನುಭವಿಸಿದ ಹಿಂಸೆಗೆ ಕಾಗದ ತರಬೇಕು. ಅರವತ್ತು ವರ್ಷದ ಹಿಂದೆ ಶಾಲೆಯ ಅಂಗಳದಲ್ಲಿ ಹೊಡೆದವರು ರಸೀದಿ ಕೊಟ್ಟಿರಲಿಲ್ಲ.

ತಾಯಂದಿರ ಸರದಿ ಬಂದಿದ್ದು ಇನ್ನೂ ಆಮೇಲೆ. 2018ರ ಅಕ್ಟೋಬರ್ 17ರಂದು ಪ್ರಧಾನಿ ಎರ್ನಾ ಸೋಲ್ಬರ್ಗ್ ಓಸ್ಲೋದಲ್ಲಿ ಸರ್ಕಾರದ ಪರವಾಗಿ ಆ ಹೆಣ್ಣುಮಕ್ಕಳ ಕ್ಷಮೆ ಕೇಳಿದರು. ಯುದ್ಧ ಮುಗಿದು 73 ವರ್ಷವಾಗಿತ್ತು. 1945ರಲ್ಲಿ ತಲೆ ಬೋಳಿಸಿಕೊಂಡ ಇಪ್ಪತ್ತರ ಹುಡುಗಿ ಆ ದಿನ ಬದುಕಿದ್ದರೆ ಆಕೆಗೆ ತೊಂಬತ್ತಮೂರು. ಹೆಚ್ಚಿನವರು ಬದುಕಿರಲಿಲ್ಲ. ಅವರ ಬದಲಿಗೆ ಆ ಕ್ಷಮೆಯನ್ನು ಕೇಳಿಸಿಕೊಂಡವರು ಎಪ್ಪತ್ತು ದಾಟಿದ, ಕೂದಲು ನರೆತ ಮಕ್ಕಳು.